ಪೇಟೆಯ ಬಾಳಿಗೆ ಸಾಕ್ಷಿ: ಶ್ರೀಮತಿ ದೀಪಾ ಧನರಾಜರ ಚಿತ್ರಗಳು

೧

ಹಳ್ಳಿಯ ಬಾಳನ್ನು ಮಾತಿನಲ್ಲಿ ಚಿತ್ರಿಸುವ ವಿದ್ಯೆಗೆ ನಮ್ಮ ಸೀಮೆಯಲ್ಲಿ ಕೊರತೆಯಿಲ್ಲ. ಕಟ್ಟಾಯಕ್ಕೆ ನೆರೆಯ ಗೊರೂರಿನವರಾದ ಶ್ರೀ ರಾಮಸ್ವಾಮಿ ಅಯ್ಯಂಗಾರ್ಯರು ತಮ್ಮ ಪುಸ್ತಕಕ್ಕೆ 'ಹಳ್ಳಿಯ ಚಿತ್ರಗಳು' ಎಂದೇ ಹೆಸರಿಟ್ಟರು. ಹೇಮಾವತಿಯ ದಡದ ಜನ, ಅವರ ನಗು, ಜಗಳ, ಹಬ್ಬ, ಬಡತನ ಇವೆಲ್ಲವೂ ಅವರ ಬರೆಹದಲ್ಲಿ ಕಣ್ಣಿಗೆ ಕಟ್ಟಿದಂತೆ ನಿಂತಿರುವುವು. ಆದರೆ ಕಾಲವು ನಿಲ್ಲಲಿಲ್ಲ. ಅದೇ ಗೊರೂರಿನಲ್ಲಿ ೧೯೭೯ರಲ್ಲಿ ಹೇಮಾವತಿಯ ಅಣೆಕಟ್ಟು ಮುಗಿದು, ಹಿನ್ನೀರಿನಲ್ಲಿ ಹಳ್ಳಿಗಳು ಮುಳುಗಿದುವು. ಮುಳುಗದೆ ಉಳಿದ ಹಳ್ಳಿಗಳ ಮಕ್ಕಳೂ ಓದಿಗೆಂದೋ ಉದ್ಯೋಗಕ್ಕೆಂದೋ ಹಾಸನಕ್ಕೆ ಹೋಗಿ, ಅಲ್ಲಿಂದ ಬೆಂಗಳೂರಿಗೆ ಹೋಗಿ ನೆಲೆಸುತ್ತಿರುವರು. ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣಗಳಲ್ಲಿ ಪೇಟೆಯೊಡನೆ ಸಂಬಂಧವಿಲ್ಲದ ಮನೆಯನ್ನು ಈಗ ಹುಡುಕಬೇಕಾಗಿದೆ. ಹೀಗಿರುವಾಗ ಪೇಟೆಯ ಬಾಳು ಎಂತಹದು, ಗುರುತಿಲ್ಲದವರು ಅಲ್ಲಿ ನೆರೆಯವರಾಗುವುದು ಹೇಗೆ, ಕೂಡಿ ಬಾಳುವುದೆಂದರೆ ಅಲ್ಲಿ ಏನರ್ಥ ಎಂಬ ಪ್ರಶ್ನೆಗಳು ನಮಗೆ ಪರರ ಮನೆಯ ಪ್ರಶ್ನೆಗಳಾಗಿ ಉಳಿದಿಲ್ಲ.

ನಮ್ಮ ಕಥೆ ಕಾದಂಬರಿಗಳು ಈ ಪ್ರಶ್ನೆಗಳನ್ನು ಕೇಳಿಯೇ ಇಲ್ಲವೆಂದಲ್ಲ. ಆದರೆ ಪ್ರಕೃತ ನಾವು ವಿಚಾರಿಸಲು ತೊಡಗಿರುವುದು ಬೇರೊಂದು ಕಲೆಯನ್ನು ಕುರಿತು. ಬೆಂಗಳೂರಿನಲ್ಲಿ ನೆಲೆಸಿರುವ ಶ್ರೀಮತಿ ದೀಪಾ ಧನರಾಜರು ೧೯೮೦ರಿಂದೀಚೆಗೆ ಸಾಕ್ಷ್ಯಚಿತ್ರಗಳನ್ನು ನಿರ್ಮಿಸುತ್ತ ಬಂದಿರುವರು. ಅವರ ಮೊದಲ ಏಳೆಂಟು ವರ್ಷಗಳ ಕೃತಿಗಳಲ್ಲಿ ಪುಣೆ, ನಿಪ್ಪಾಣಿ, ಹೈದರಾಬಾದು ಎಂಬ ಮೂರು ಊರುಗಳ ಬಾಳು ಸೇರಿಕೊಂಡಿದೆ. ಸಾಹಿತ್ಯಪತ್ರಿಕೆಯಲ್ಲಿ ಚಲಚ್ಚಿತ್ರದ ವಿಮರ್ಶೆ ಏತಕ್ಕೆಂದು ಕೆಲವರು ಕೇಳಬಹುದು. ಜನರ ಮಾತನ್ನು ಆಲಿಸಿ, ಆಯ್ದು, ಜೋಡಿಸಿ, ಅದರಿಂದ ಮೊದಲು ಕಾಣದಿದ್ದ ಅರ್ಥವನ್ನು ಹೊರಡಿಸುವುದು ಸಾಹಿತ್ಯದ ಕೆಲಸವೇ ಆಗಿದೆ. ಅದನ್ನು ಕಾಗದದ ಮೇಲೆ ಮಾಡಿದರೇನು, ಸುರುಳಿಯ ಮೇಲೆ ಮಾಡಿದರೇನು?

೨

'ಸಾಕ್ಷ್ಯಚಿತ್ರ' ಎಂಬ ಮಾತು ದೊಡ್ಡ ಹೊರೆಯೊಂದನ್ನು ಹೊತ್ತಿದೆ. ಸಾಕ್ಷಿಯೆಂದರೆ ಕಣ್ಣಾರೆ ಕಂಡವನು. ನಮ್ಮ ತಾರ್ಕಿಕರು ಪ್ರಮಾಣಗಳನ್ನು ಎಣಿಸುವಾಗ ಪ್ರತ್ಯಕ್ಷವನ್ನು ಮೊದಲಿಟ್ಟರು. ಶಬ್ದವನ್ನು ಬೇರೆಯಾಗಿ ಎಣಿಸಿ, ಅದು ಆಪ್ತನ ವಾಕ್ಯವಾದರೆ ಮಾತ್ರ ಪ್ರಮಾಣವೆಂದರು. ಕ್ಯಾಮೆರಾ ಹಿಡಿದುದನ್ನು ನಾವು ಸಾಮಾನ್ಯವಾಗಿ ಪ್ರತ್ಯಕ್ಷವೆಂದು ನಂಬಿಬಿಡುತ್ತೇವೆ. ವಿಚಾರಮಾಡಿದರೆ ಅದು ಶಬ್ದಪ್ರಮಾಣಕ್ಕೆ ಹತ್ತಿರವಾದುದೆಂದು ತೋರುತ್ತದೆ. ಚಿತ್ರವನ್ನು ತೆಗೆದವರು ಎಲ್ಲಿ ನಿಂತು ತೆಗೆದರು, ಏನನ್ನು ಬಿಟ್ಟರು, ಯಾರ ಹಣದಿಂದ ತೆಗೆದರು ಎಂಬುದನ್ನು ತಿಳಿಯದೆ ಅದರ ಮಾತನ್ನು ಒಪ್ಪುವುದು, ಹೇಳಿದವನು ಯಾರೆಂದು ಕೇಳದೆ ಸುದ್ದಿಯನ್ನು ನಂಬಿದಂತೆಯೇ ಸರಿ.

ಈ ಕಲೆಯ ಚರಿತ್ರೆಯೇ ಇದಕ್ಕೆ ನಿದರ್ಶನ. ಅಮೆರಿಕದ ರಾಬರ್ಟ್ ಫ್ಲಾಹರ್ಟಿಯು ೧೯೨೨ರಲ್ಲಿ ಹೊರತಂದ 'ನಾನೂಕ್ ಆಫ್ ದಿ ನಾರ್ತ್' ಎಂಬ ಚಿತ್ರವನ್ನು ಜಗತ್ತೆಲ್ಲ ಮೆಚ್ಚಿತು. ಆದರೆ ಹಿಮದ ಮನೆಯೊಳಗೆ ಬೆಳಕು ಸಾಲದೆ, ಚಿತ್ರಕ್ಕೆಂದೇ ಅರ್ಧ ಗೋಡೆಯಿಲ್ಲದ ಮನೆಯನ್ನು ಕಟ್ಟಿಸಲಾಗಿತ್ತು. ಬಂದೂಕವನ್ನು ಬಲ್ಲ ಜನರ ಕೈಗೆ ಹಳೆಯ ಈಟಿಯನ್ನು ಕೊಡಲಾಗಿತ್ತು. ೧೯೨೬ರಲ್ಲಿ ಜಾನ್ ಗ್ರಿಯರ್ಸನ್ ಎಂಬ ವಿಮರ್ಶಕನು ಫ್ಲಾಹರ್ಟಿಯ ಇನ್ನೊಂದು ಚಿತ್ರವನ್ನು ಕುರಿತು ಬರೆಯುತ್ತ 'ಡಾಕ್ಯುಮೆಂಟರಿ' ಎಂಬ ಮಾತನ್ನು ಬಳಸಿದನು. ಅನಂತರ ಅವನೇ ಇಂಗ್ಲೆಂಡಿನಲ್ಲಿ ಈ ಕಲೆಗೆ ನಾಯಕನಾದನು. ಆ ಪಂಥದವರು ೧೯೩೫ರಲ್ಲಿ ನಿರ್ಮಿಸಿದ 'ಹೌಸಿಂಗ್ ಪ್ರಾಬ್ಲೆಮ್ಸ್' ಎಂಬ ಚಿತ್ರದಲ್ಲಿ ಲಂಡನ್ನಿನ ಕೊಳೆಗೇರಿಯ ಬಡವರು ಕ್ಯಾಮೆರಾದ ಕಡೆ ತಿರುಗಿ ತಮ್ಮ ಕಷ್ಟವನ್ನು ತಾವೇ ಹೇಳಿದರು. ಪೇಟೆಯ ಬಡವನಿಗೆ ಚಿತ್ರದಲ್ಲಿ ಬಾಯಿ ಬಂದುದು ಸಣ್ಣ ಸಂಗತಿಯಲ್ಲ. ಆದರೆ ಆ ಚಿತ್ರಕ್ಕೆ ಹಣ ಕೊಟ್ಟವರು ಅನಿಲ ಮಾರುವ ವ್ಯಾಪಾರಿಗಳ ಸಂಘದವರು. ಕೊಳೆಗೇರಿ ಹೋಗಿ ಹೊಸ ಮನೆಗಳು ಬಂದರೆ ಅವರ ಒಲೆಗಳಿಗೆ ಗಿರಾಕಿಗಳು ಹೆಚ್ಚುವರು. ಬಡವನು ಆಡಿದ ಮಾತು ನಿಜವೇ. ಅದನ್ನು ಆಡಿಸಿದವರ ಲೆಕ್ಕ ಬೇರೆಯಿತ್ತು.

ನಮ್ಮ ದೇಶದಲ್ಲಿ ೧೯೪೮ರಲ್ಲಿ ಸರ್ಕಾರವು ಫಿಲಂಸ್ ಡಿವಿಷನ್ ಎಂಬ ಇಲಾಖೆಯನ್ನು ಸ್ಥಾಪಿಸಿತು. ಅದು ತಯಾರಿಸಿದ ವಾರ್ತಾಚಿತ್ರಗಳನ್ನು ಪ್ರತಿಯೊಂದು ಚಿತ್ರಮಂದಿರದವರೂ ಕಥಾಚಿತ್ರಕ್ಕೆ ಮೊದಲು ತೋರಿಸಬೇಕಾಗಿತ್ತು. ಅಣೆಕಟ್ಟು, ಕಾರ್ಖಾನೆ, ಹೊಸ ತಳಿಯ ಬಿತ್ತನೆ, ಕುಟುಂಬ ಯೋಜನೆ ಇವುಗಳನ್ನು ಹಾಸನದ ಪ್ರೇಕ್ಷಕರೂ ಹೀಗೆಯೇ ಕಂಡರು. ಅವುಗಳಲ್ಲಿ ಒಳ್ಳೆಯ ಚಿತ್ರಗಳು ಇರಲಿಲ್ಲವೆಂದು ಹೇಳಲಾಗದು. ಆದರೆ ತೆರೆಯ ಮೇಲೆ ಕಾಣುವ ಜನರು ಬಹುಮಟ್ಟಿಗೆ ಮೌನವಾಗಿದ್ದರು. ಕಾಣದವನೊಬ್ಬನ ಗಂಭೀರವಾದ ಕಂಠವು ಅವರ ಪರವಾಗಿ ಮಾತಾಡುತ್ತಿತ್ತು.

ಸರ್ಕಾರದ ಆಶ್ರಯವನ್ನೂ ವ್ಯಾಪಾರದ ಆಶ್ರಯವನ್ನೂ ಬಿಟ್ಟು ಚಿತ್ರ ತೆಗೆಯುವವರನ್ನು 'ಸ್ವತಂತ್ರ' ನಿರ್ಮಾಪಕರೆಂದು ಕರೆಯುವುದು ವಾಡಿಕೆಯಾಗಿದೆ. ಈ ವಿಶೇಷಣವನ್ನು ಸ್ವಲ್ಪ ಸೋಸಿ ನೋಡಬೇಕು. ಕವಿಯಾದರೆ ಒಬ್ಬನೇ ಕುಳಿತು ಬರೆದಾನು. ಸಾಕ್ಷ್ಯಚಿತ್ರವನ್ನು ತೆಗೆಯುವವನು ಯಾರನ್ನೂ ಅವಲಂಬಿಸದೆ ಒಂದು ಅಡಿ ಸುರುಳಿಯನ್ನೂ ತಿರುಗಿಸಲಾರನು. ಬಾಗಿಲು ತೆರೆಯುವವರು ಬೇಕು, ಮಾತಾಡುವವರು ಬೇಕು, ಮಾತಾಡಿದ ಮೇಲೆ ಊರಿನಲ್ಲಿ ಅದರ ಫಲವನ್ನು ಅನುಭವಿಸುವವರೂ ಅವರೇ. ಆದುದರಿಂದ ಈ ಕಲೆಯಲ್ಲಿ ಸ್ವಾತಂತ್ರ್ಯವೆಂದರೆ ಅವಲಂಬನೆಯೇ ಇಲ್ಲದಿರುವುದಲ್ಲ. ಯಾರನ್ನು ಅವಲಂಬಿಸಬೇಕೆಂಬುದನ್ನು ತಾನೇ ಆರಿಸಿಕೊಳ್ಳುವುದು. ಶ್ರೀಮತಿ ಧನರಾಜರ ಚಿತ್ರಗಳ ಗುಣವೂ ದೋಷವೂ ಈ ಆರಿಸಿಕೊಳ್ಳುವಿಕೆಯಿಂದಲೇ ಹುಟ್ಟಿರುವುವೆಂಬುದು ನಮ್ಮ ಅಭಿಪ್ರಾಯ.

೩

೧೯೮೦ರಲ್ಲಿ ದೀಪಾ ಧನರಾಜ್, ಆಭಾ ಭೈಯಾ, ಮೀರಾ ರಾವ್ ಮತ್ತು ಛಾಯಾಗ್ರಾಹಕರಾದ ನವರೋಜ್ ಕಂಟ್ರಾಕ್ಟರ್ ಇವರು ಕೂಡಿ 'ಯುಗಾಂತರ' ಎಂಬ ಕೂಟವನ್ನು ಕಟ್ಟಿದರು. ೧೯೭೩ರಲ್ಲಿ ಮಣಿ ಕೌಲರ 'ದುವಿಧಾ' ಚಿತ್ರಕ್ಕೆ ಕ್ಯಾಮೆರಾ ಹಿಡಿದವರು ಇದೇ ಕಂಟ್ರಾಕ್ಟರ್ ಅವರು. ೨೦೨೩ರಲ್ಲಿ ಅವರು ತೀರಿಕೊಂಡರು. ಕೂಟವು ೧೯೮೩ರೊಳಗಾಗಿ ನಾಲ್ಕು ಕಿರುಚಿತ್ರಗಳನ್ನು ಹೊರತಂದಿತು. ನಾಲ್ಕರ ವಸ್ತುವೂ ಹೆಂಗಸರ ಬಾಳು.

ಮೊದಲನೆಯದಾದ 'ಮೋಲಕರೀಣ' ೧೯೮೧ರಲ್ಲಿ ಬಂದಿತು. ಮರಾಠಿಯಲ್ಲಿ 'ಮೋಲ' ಎಂದರೆ ಬೆಲೆ. ಮೋಲಕರೀಣ ಎಂದರೆ ಕೂಲಿಗೆ ಮನೆಗೆಲಸ ಮಾಡುವವಳು. ಪುಣೆಯ ಮನೆಗೆಲಸದ ಹೆಂಗಸರು ೧೯೮೦ರಲ್ಲಿ ಕೆಲಸ ನಿಲ್ಲಿಸಿ ಹೊರಬಂದರು. ತಮ್ಮದೇ ಸಂಘವನ್ನು ಕಟ್ಟಿಕೊಂಡರು. ಆ ಸಂಘದೊಡನೆ ಸೇರಿ ಮಾಡಿದ ಚಿತ್ರವಿದು.

ಇಲ್ಲಿ ಒಂದು ವಿಷಯವನ್ನು ಗಮನಿಸಬೇಕು. ಕಾರ್ಖಾನೆಯ ಕೂಲಿಗಾರರು ಒಂದೇ ಮಾಡಿನ ಕೆಳಗೆ ಕೂಡಿರುತ್ತಾರೆ. ಒಬ್ಬನ ಕಷ್ಟ ಇನ್ನೊಬ್ಬನ ಕಣ್ಣಿಗೆ ಬೀಳುತ್ತದೆ. ಮನೆಗೆಲಸದವಳು ಹಾಗಲ್ಲ. ಬೆಳಗಿನಲ್ಲಿ ಒಂದು ಮನೆ, ಹೊತ್ತೇರಿದ ಮೇಲೆ ಇನ್ನೊಂದು ಮನೆ. ಎಲ್ಲಿಯೂ ಅವಳು ಒಬ್ಬಳೇ. ಪಾತ್ರೆ ತೊಳೆಯುವ ಬಚ್ಚಲು, ಬಟ್ಟೆ ಒಗೆಯುವ ಕಲ್ಲು, ಹಿತ್ತಿಲ ಬಾಗಿಲು ಇಷ್ಟೇ ಅವಳ ಕಾರ್ಖಾನೆ. ಅವಳಿಗೆ ಎಷ್ಟು ಸಂಬಳ ಎಂಬುದು ಪಕ್ಕದ ಮನೆಯವಳಿಗೆ ತಿಳಿಯದಿರುವುದೇ ಯಜಮಾನರಿಗೆ ಅನುಕೂಲ. ಇಂಥವರು ಕೂಡಬೇಕಾದರೆ ಮೊದಲು ತಮ್ಮ ತಮ್ಮ ಸಂಬಳವನ್ನು ಒಬ್ಬರಿಗೊಬ್ಬರು ಬಾಯಿಬಿಟ್ಟು ಹೇಳಬೇಕು. ಚಿತ್ರವು ಹಿಡಿದಿರುವ ಮುಖ್ಯವಾದ ಕ್ರಿಯೆ ಇದೇ. ಬೇರೆ ಬೇರೆ ಹಿತ್ತಿಲುಗಳಲ್ಲಿ ಚದುರಿದ್ದ ಮಾತುಗಳು ಒಂದೆಡೆ ಸೇರಿ, 'ನನ್ನ ಹಣೆಬರಹ' ಎಂಬುದು 'ನಮ್ಮ ಕೂಲಿ' ಎಂದಾಗುವ ಬಗೆಯನ್ನು ಅದು ತೋರಿಸುತ್ತದೆ. ಇಂದು ಬೆಂಗಳೂರಿನ ಮನೆಗಳಲ್ಲಿ ಕೆಲಸಕ್ಕೆ ಹೋಗುವ ನಮ್ಮ ಜಿಲ್ಲೆಯ ಹೆಣ್ಣುಮಕ್ಕಳೂ ಉಂಟು. ಅವರ ಬಾಳನ್ನು ಬಲ್ಲವರಿಗೆ ನಲವತ್ತು ವರ್ಷಗಳ ಹಿಂದಣ ಈ ಚಿತ್ರವು ಹಳತೆನಿಸದು.

೪

ನಮ್ಮ ವಾಚಕರಿಗೆ ಹೆಚ್ಚು ಸಂಬಂಧಪಟ್ಟುದು ೧೯೮೨ರ ಎರಡನೆಯ ಚಿತ್ರ, 'ತಂಬಾಕೂ ಚಾಕಿಲಾ ಊಬ್ ಆಲಿ'. 'ಊಬ್' ಎಂದರೆ ಕಾವು. ಇಂಗ್ಲಿಷಿನಲ್ಲಿ ಅದಕ್ಕೆ ಕೊಟ್ಟಿರುವ ಹೆಸರಿನಲ್ಲಿ ಕಾವು ಕೆಂಡವಾಗಿದೆ. ಇಪ್ಪತ್ತೈದು ನಿಮಿಷಗಳಷ್ಟು ಚಿಕ್ಕದಾದ ಈ ಚಿತ್ರದ ಸ್ಥಳ ಬೆಳಗಾವಿ ಜಿಲ್ಲೆಯ ನಿಪ್ಪಾಣಿ.

ಹೊಗೆಸೊಪ್ಪು ನಮಗೆ ಹೊಸತಲ್ಲ. ಅರಕಲಗೂಡಿನ ಕಡೆಯವರು ಅದನ್ನು ಬೆಳೆದು, ಬ್ಯಾರನ್ನಿನಲ್ಲಿ ಬೇಯಿಸಿ, ರಾಮನಾಥಪುರದ ಹರಾಜು ಕಟ್ಟೆಗೆ ಸಾಗಿಸುವರು. ಆದರೆ ನಮ್ಮದು ಸಿಗರೇಟಿಗೆ ಹೋಗುವ ವರ್ಜೀನಿಯಾ ಜಾತಿ. ನಿಪ್ಪಾಣಿಯದು ಬೀಡಿಗೆ ಹೋಗುವ ಸೊಪ್ಪು. ನಮ್ಮಲ್ಲಿ ಸೊಪ್ಪು ಎಲೆಯಾಗಿಯೇ ಹರಾಜಿಗೆ ನಿಂತು, ಕಣ್ಣ ಮುಂದಿನಿಂದ ಲಾರಿಯೇರಿ ಹೊರಟುಹೋಗುತ್ತದೆ. ನಿಪ್ಪಾಣಿಯಲ್ಲಿ ಹಾಗಲ್ಲ. ಬಿಸಿಲಿನಲ್ಲಿ ಒಣಗಿದ ಎಲೆಯನ್ನು ಊರೊಳಗಣ ವಖಾರಿಗಳಿಗೆ ತಂದು, ಬಡಿದು, ಪುಡಿಮಾಡಿ, ಜರಡಿ ಹಿಡಿಯಬೇಕು. ಈ ಕೆಲಸವು ಹೆಂಗಸರದು. ಗಾಳಿ ಆಡದ ಕಟ್ಟಡದಲ್ಲಿ ದಿನವೆಲ್ಲ ಆ ಧೂಳು ಏಳುತ್ತದೆ. ಮೂಗಿಗೂ ಬಾಯಿಗೂ ಸೆರಗು ಕಟ್ಟಿಕೊಂಡು ಅದರ ನಡುವೆ ನಿಂತು ದುಡಿಯಬೇಕು. ಹೊರಗಿನವರು ಆ ವಖಾರಿಗಳ ಒಳಗನ್ನು ಅದುವರೆಗೆ ನೋಡಿರಲಿಲ್ಲ. ಯಜಮಾನರು ನೋಡಗೊಡುತ್ತಲೂ ಇರಲಿಲ್ಲ.

ಹೊಗೆಸೊಪ್ಪು ಬೆಳೆಯುವವನ ಕಷ್ಟವನ್ನು ಲೋಕವು ಸ್ವಲ್ಪಮಟ್ಟಿಗಾದರೂ ಬಲ್ಲದು. ೧೯೮೧ರಲ್ಲಿ ಇದೇ ನಿಪ್ಪಾಣಿಯಲ್ಲಿ ರೈತರು ತಕ್ಕ ಬೆಲೆಗಾಗಿ ಪುಣೆ–ಬೆಂಗಳೂರು ಹೆದ್ದಾರಿಯ ಮೇಲೆ ಕುಳಿತುಬಿಟ್ಟರು. ಏಪ್ರಿಲ್ ತಿಂಗಳಲ್ಲಿ ಪೋಲೀಸರು ಗುಂಡು ಹಾರಿಸಿ, ರೈತರು ಸತ್ತರು. ಆ ಸುದ್ದಿಯು ಪತ್ರಿಕೆಗಳಲ್ಲೆಲ್ಲ ಬಂದಿತು. ಅದೇ ಸೊಪ್ಪನ್ನು ಪುಡಿಮಾಡುವ ಸಾವಿರಾರು ಹೆಂಗಸರ ಸಂಗತಿಯಾದರೋ ಊರ ಗೋಡೆಯನ್ನು ದಾಟಿರಲಿಲ್ಲ. ಒಂದೇ ಎಲೆಯಲ್ಲಿ ಎರಡು ಅನ್ಯಾಯಗಳು ಇರುವುವೆಂದೂ, ಹೊಲದ ಅನ್ಯಾಯವು ಬೇಗ ಕಾಣುವುದೆಂದೂ, ಪೇಟೆಯ ಮಾಡಿನ ಕೆಳಗಣ ಅನ್ಯಾಯವು ತಡವಾಗಿ ಕಾಣುವುದೆಂದೂ ಈ ಚಿತ್ರವನ್ನು ನೋಡಿದವರಿಗೆ ಹೊಳೆಯದಿರದು.

ಚಿತ್ರವನ್ನು ಮಾಡಿದ ಕ್ರಮವು ಅದರ ವಸ್ತುವಿನಷ್ಟೇ ಮುಖ್ಯವಾಗಿದೆ. ಯುಗಾಂತರದವರು ಬಂದು, ತೆಗೆದು, ಹೋಗಲಿಲ್ಲ. ಆ ಹೆಂಗಸರೊಡನೆ ಇದ್ದು, ಅವರ ಮಾತನ್ನು ಕೇಳಿ, ಯಾವುದನ್ನು ತೋರಿಸಬೇಕೆಂಬುದನ್ನು ಅವರೊಡನೆ ಕುಳಿತು ನಿಶ್ಚಯಿಸಿದರು. ಹಿಂದೆ ನಡೆದುಹೋದ ಕೆಲವು ಸಂಗತಿಗಳನ್ನು ಆ ಹೆಂಗಸರೇ ಕ್ಯಾಮೆರಾದ ಮುಂದೆ ಮತ್ತೆ ನಡೆಸಿ ತೋರಿಸಿರುವರು. ಫ್ಲಾಹರ್ಟಿಯು ಮಾಡಿಸಿದುದನ್ನೇ ಇವರೂ ಮಾಡಿಸಿದಂತಾಗಲಿಲ್ಲವೆ, ಇದು ಸಾಕ್ಷ್ಯ ಹೇಗಾದೀತು ಎಂಬ ಆಕ್ಷೇಪವು ಇಲ್ಲಿ ಏಳುತ್ತದೆ. ಇದು ತಳ್ಳಿಹಾಕತಕ್ಕ ಆಕ್ಷೇಪವಲ್ಲ.

ನಮ್ಮ ಸಮಾಧಾನವು ಹೀಗಿದೆ. ನಾನೂಕನ ಕೈಗೆ ಈಟಿಯನ್ನು ಕೊಟ್ಟುದು ನೋಡುವವರ ಸಂತೋಷಕ್ಕಾಗಿ. ಅವನು ಹೇಗೆ ಬಾಳುತ್ತಿದ್ದನೆಂಬುದಕ್ಕಿಂತ, ಅವನು ಹೇಗೆ ಬಾಳುತ್ತಿದ್ದರೆ ಚೆನ್ನಾಗಿ ಕಾಣುವುದೆಂಬುದೇ ಅಲ್ಲಿ ಅಳತೆ. ನಿಪ್ಪಾಣಿಯ ಹೆಂಗಸರು ಮತ್ತೆ ನಡೆಸಿದುದು ತಾವು ನಡೆಸಿದ್ದ ಕೆಲಸವನ್ನೇ; ಏನನ್ನು ನಡೆಸಬೇಕೆಂದು ಗೊತ್ತುಮಾಡಿದುದರಲ್ಲಿ ಅವರ ಕೈಯೂ ಇತ್ತು. ಗುಟ್ಟಾಗಿ ಸೇರಿದ ಸಭೆಗೆ ಕ್ಯಾಮೆರಾವನ್ನು ಕರೆಯುವವರುಂಟೆ? ಸಂಘವು ಗಟ್ಟಿಯಾದ ಮೇಲೆ ಆ ಹೆದರಿಕೆಯ ದಿನವನ್ನು ತಾವೇ ಅಭಿನಯಿಸಿ ತೋರಿಸುವುದು ಸಾಕ್ಷಿಯು ನ್ಯಾಯಾಲಯದಲ್ಲಿ ನಿಂತು 'ಹೀಗೆ ಹಿಡಿದನು, ಹೀಗೆ ಎಳೆದನು' ಎಂದು ಕೈಯಾಡಿಸಿ ಹೇಳುವುದಕ್ಕೆ ಸಮಾನ. ಅದು ಪ್ರತ್ಯಕ್ಷವಲ್ಲ, ಆಪ್ತವಾಕ್ಯ; ಆಪ್ತವಾಕ್ಯವೆಂದು ತಿಳಿದೇ ಅದನ್ನು ಒಪ್ಪಬೇಕು.

ಇನ್ನೊಂದು ಮಾತು. ಈ ಚಿತ್ರದ ಭಾಷೆ ಮರಾಠಿ. ೧೯೫೬ರಲ್ಲಿ ರಾಜ್ಯಗಳ ಪುನರ್ವಿಂಗಡಣೆಯಾದಾಗ ಬೊಂಬಾಯಿ ಪ್ರಾಂತವನ್ನು ಬಿಟ್ಟು ಮೈಸೂರಿಗೆ ಸೇರಿದ ಊರುಗಳಲ್ಲಿ ನಿಪ್ಪಾಣಿಯೂ ಒಂದು. ಆ ಗಡಿಯನ್ನು ಕುರಿತು ನಮ್ಮವರೂ ಅವರೂ ಎಷ್ಟು ಭಾಷಣಗಳನ್ನು ಮಾಡಿಲ್ಲ! ಆ ಭಾಷಣಗಳಲ್ಲಿ ನಿಪ್ಪಾಣಿಯು ನಕ್ಷೆಯ ಮೇಲಣ ಒಂದು ಚುಕ್ಕೆ. ಚಿತ್ರದಲ್ಲಾದರೋ ಅದು ಕೆಮ್ಮುವ, ನಗುವ, ಕೂಲಿಯ ಲೆಕ್ಕ ಹಾಕುವ ಜನರ ಊರು. ಕರ್ಣಾಟಕದ ಒಂದು ಪೇಟೆಯ ಬಾಳನ್ನು ಇಷ್ಟು ಹತ್ತಿರದಿಂದ ತೋರಿಸುವ ಕೃತಿಯು ಮರಾಠಿಯಲ್ಲಿದೆಯೆಂಬ ಕಾರಣದಿಂದ ಕನ್ನಡ ವಿಮರ್ಶೆಯು ಅದನ್ನು ಕೈಬಿಟ್ಟರೆ ನಷ್ಟವು ಕನ್ನಡಕ್ಕೇ.

೫

ಸಂಘದ ಕಥೆಯನ್ನು ಬಯಲಿನಲ್ಲಿ ಹೇಳಬಹುದು; ಮನೆಯೊಳಗಣ ಪೆಟ್ಟಿನ ಕಥೆಯನ್ನು ಹಾಗೆ ಹೇಳುವುದು ಕಷ್ಟ. ೧೯೮೩ರ 'ಇದಿ ಕಥಾ ಮಾತ್ರಮೇನಾ' ಎಂಬ ತೆಲುಗು ಚಿತ್ರವನ್ನು ಯುಗಾಂತರದವರು ಹೈದರಾಬಾದಿನ ಸ್ತ್ರೀಶಕ್ತಿ ಸಂಘಟನೆಯವರೊಡನೆ ಸೇರಿ ಮಾಡಿದರು. 'ಇದು ಬರಿಯ ಕಥೆಯೆ?' ಎಂಬುದು ಹೆಸರಿನ ಅರ್ಥ. ಗಂಡನಿಂದ ಹಿಂಸೆಪಡುವ ಹೆಣ್ಣಿನ ಬಾಳನ್ನು ಇಲ್ಲಿ ಕಥೆಯಾಗಿ ಕಟ್ಟಿ ಅಭಿನಯಿಸಿದ್ದಾರೆ. ನಿಜವನ್ನು ಹೇಳಿದವಳಿಗೆ ಹಾನಿಯಾಗುವ ಕಡೆ ಕಲ್ಪಿತವೇ ನಿಜಕ್ಕೆ ಮರೆಯಾಗಿ ನಿಂತು ಅದನ್ನು ಕಾಪಾಡುತ್ತದೆಂಬುದನ್ನು ಶ್ರೀಮತಿ ಧನರಾಜರು ಆಗಲೇ ಅರಿತಿದ್ದರು.

ಮೂರು ವರ್ಷಗಳಾದ ಮೇಲೆ ಅದೇ ಹೈದರಾಬಾದಿನಿಂದ ಬಂದ ಚಿತ್ರವು ಬೇರೆಯೇ ಜಾತಿಯದು. 'ಕ್ಯಾ ಹುವಾ ಇಸ್ ಶಹರ್ ಕೋ?', ಎಂದರೆ 'ಈ ನಗರಕ್ಕೆ ಏನಾಯಿತು?', ೧೯೮೬ರಲ್ಲಿ ಮುಗಿಯಿತು. ಒಂದೂವರೆ ಗಂಟೆಗೆ ಮೀರಿದ ಚಿತ್ರ. ೧೯೮೪ರಲ್ಲಿ ಆ ನಗರದಲ್ಲಿ ನಡೆದ ಹಿಂದೂ ಮುಸಲ್ಮಾನ ಗಲಭೆಗಳು ಇದರ ವಸ್ತು. ಆ ವರ್ಷದ ಆಗಸ್ಟಿನಲ್ಲಿ ಶ್ರೀ ಎನ್. ಟಿ. ರಾಮರಾಯರ ಸರ್ಕಾರವನ್ನು ವಜಾಮಾಡಿ, ಶ್ರೀ ಭಾಸ್ಕರರಾಯರನ್ನು ಮುಖ್ಯಮಂತ್ರಿಯಾಗಿ ಕೂರಿಸಲಾಯಿತು. ಒಂದು ತಿಂಗಳಾದ ಮೇಲೆ ರಾಮರಾಯರೇ ಮರಳಿ ಬಂದರು. ಆ ತಿಂಗಳಲ್ಲಿ ರಾಮರಾಯರ ಪಕ್ಷದ ಶಾಸಕರಿಗೆ ನಮ್ಮ ಕರ್ಣಾಟಕವು ಆಶ್ರಯಕೊಟ್ಟುದನ್ನು ಹಿರಿಯ ವಾಚಕರು ಮರೆತಿರಲಾರರು. ಶಾಸಕರ ಎಣಿಕೆಯು ಹೀಗೆ ನಡೆಯುತ್ತಿದ್ದಾಗ ಹಳೆಯ ನಗರದ ಗಲ್ಲಿಗಳಲ್ಲಿ ಮನೆಗಳು ಉರಿಯುತ್ತಿದ್ದುವು.

ಇವೆರಡಕ್ಕೂ ಇರುವ ನಂಟನ್ನು ಚಿತ್ರವು ಹುಡುಕುತ್ತದೆ. ೧೯೪೮ರ ಸೆಪ್ಟೆಂಬರಿನ ಪೋಲೀಸ್ ಕಾರ್ಯಾಚರಣೆ, ಅದಕ್ಕೆ ಮೊದಲಣ ರಜಾಕಾರರ ಕಾಲ, ಆ ನೆನಪುಗಳನ್ನು ಎರಡು ಕಡೆಯ ಮುಂದಾಳುಗಳು ಬೇಕಾದಾಗಲೆಲ್ಲ ಕೆದಕುವ ಬಗೆ ಇವನ್ನು ಮುಂದಿಡುತ್ತದೆ. ಮೆರವಣಿಗೆಗಳನ್ನೂ ಭಾಷಣಗಳನ್ನೂ ಅವು ನಡೆಯುವಾಗಲೇ ಹತ್ತಿರದಿಂದ ತೋರಿಸುತ್ತದೆ. ಮನೆ ಸುಟ್ಟವರ, ಮಕ್ಕಳನ್ನು ಕಳೆದುಕೊಂಡವರ ಮಾತನ್ನು ಕೇಳಿಸುತ್ತದೆ. ಬೀದರ, ಕಲಬುರಗಿ, ರಾಯಚೂರು ಜಿಲ್ಲೆಗಳು ಆ ನಿಜಾಮರ ರಾಜ್ಯದಲ್ಲಿಯೇ ಇದ್ದುವಾದುದರಿಂದ ಇದು ಕನ್ನಡಿಗರಿಗೆ ತೀರ ಹೊರಗಿನ ಚರಿತ್ರೆಯೂ ಅಲ್ಲ.

ನಿಪ್ಪಾಣಿಯ ಚಿತ್ರವನ್ನೂ ಇದನ್ನೂ ಒಟ್ಟಿಗೆ ಇಟ್ಟು ನೋಡಿದಾಗ ಒಂದು ವಿಷಯವು ಸ್ಪಷ್ಟವಾಗುತ್ತದೆ. ನಮ್ಮ ಭಾಷೆಯಲ್ಲಿ 'ಕೂಡುವುದು' ಎಂಬ ಮಾತೊಂದು, 'ಕೂಡಿಹಾಕುವುದು' ಎಂಬ ಮಾತೊಂದು ಇರುವುವು. ಧಾತು ಒಂದೇ, ಬಾಳಿನಲ್ಲಿ ಅವೆರಡರ ನಡುವೆ ಭೂಮ್ಯಾಕಾಶಗಳ ಅಂತರವಿದೆ. ಪುಣೆ, ನಿಪ್ಪಾಣಿಗಳ ಹೆಂಗಸರು ಕೂಡಿದರು. ಜಾತಿ ಬೇರೆ, ಕೇರಿ ಬೇರೆಯಾದರೂ ಕೆಲಸ ಒಂದೇ ಎಂಬುದನ್ನು ಅವರು ಮಾತಾಡಿ ಮಾತಾಡಿ ಕಂಡುಕೊಂಡರು. ಹೈದರಾಬಾದಿನ ಬಡವರನ್ನು ಕೂಡಿಹಾಕಿದರು. ಒಂದೇ ಗಲ್ಲಿಯಲ್ಲಿ ಸಣ್ಣ ಕಸುಬುಗಳನ್ನು ಮಾಡಿಕೊಂಡು ಬಾಳಿದ್ದ ಜನರನ್ನು, ನೀನು ಈ ಕೋಮು, ಅವನು ಆ ಕೋಮು ಎಂದು ಹೇಳಿ ಬೇರೆ ಬೇರೆ ದೊಡ್ಡಿಗಳಿಗೆ ಅಟ್ಟಿದರು. ಮೇಲೆ ಕರ್ಫ್ಯೂ ಬಂದು ಅವರನ್ನು ಮನೆಗಳಲ್ಲಿಯೇ ಕೂಡಿಹಾಕಿತು. ದಿನಗೂಲಿಯವನಿಗೆ ಕರ್ಫ್ಯೂ ಎಂದರೆ ಉಪವಾಸ. ಪೇಟೆಯಲ್ಲಿ ಸಮುದಾಯವೆಂಬುದು ಹುಟ್ಟುವುದು ಈ ಎರಡು ದಾರಿಗಳಿಂದ. ಯಾವ ದಾರಿಯಿಂದ ಹುಟ್ಟಿತೆಂಬುದನ್ನು ಕೇಳದೆ ಅದನ್ನು ಹೊಗಳುವುದೂ ಸಲ್ಲದು, ತೆಗಳುವುದೂ ಸಲ್ಲದು. ಶ್ರೀಮತಿ ಧನರಾಜರ ಚಿತ್ರಗಳಿಂದ ನಾವು ಕಲಿಯಬೇಕಾದ ಮುಖ್ಯವಾದ ಪಾಠ ಇದೆಂದು ತೋರುತ್ತದೆ. ೧೯೮೪ಕ್ಕೆ ಈಚೆಗೆ ದೇಶದಲ್ಲಿ ನಡೆದುದನ್ನು ಬಲ್ಲವರಿಗೆ ಇದರ ಬೆಲೆಯನ್ನು ವಿವರಿಸಬೇಕಾದುದಿಲ್ಲ.

೬

ಇನ್ನು ದೋಷಗಳ ಮಾತು. ಮೊದಲ ಚಿತ್ರಗಳಲ್ಲಿ ಸಂಘವು ಚೆನ್ನಾಗಿ ಕಾಣುತ್ತದೆ. ಅದರೊಳಗಣ ಒಬ್ಬೊಬ್ಬಳು ಅಷ್ಟು ಚೆನ್ನಾಗಿ ಕಾಣುವುದಿಲ್ಲ. ನಿಪ್ಪಾಣಿಯ ಚಿತ್ರದಲ್ಲಿ ಬರುವ ಮುಖಗಳಲ್ಲಿ ಕೆಲವನ್ನು ಇನ್ನೂ ಸ್ವಲ್ಪ ಹೊತ್ತು ನೋಡಬೇಕು, ಅವರು ಸಂಜೆ ಯಾವ ಮನೆಗೆ ಹೋಗುವರು, ಅಲ್ಲಿ ಅವರಿಗೆ ಏನು ಕಾದಿದೆ ಎಂಬುದನ್ನು ಅರಿಯಬೇಕು ಎನಿಸುವಷ್ಟರಲ್ಲಿ ಚಿತ್ರವು ಮುಂದೆ ಸಾಗಿಬಿಡುತ್ತದೆ. ಸಂಘದೊಳಗೇ ಹುಟ್ಟುವ ಮನಸ್ತಾಪಗಳಿಗೂ ಅಲ್ಲಿ ಹೆಚ್ಚಿನ ಎಡೆಯಿಲ್ಲ. ಅವಲಂಬನೆಯನ್ನು ಆರಿಸಿಕೊಂಡುದರ ಬೆಲೆಯಿದು. ಸಂಘವೇ ಬಾಗಿಲು ತೆರೆದ ಮೇಲೆ, ಸಂಘಕ್ಕೆ ಮುಜುಗರವಾಗುವುದನ್ನು ತೋರಿಸುವುದು ಸುಲಭವಲ್ಲ. ಗೊರೂರರ ಬರೆಹದಲ್ಲಿ ಊರೂ ಕಾಣುತ್ತದೆ, ಊರಿನ ಒಬ್ಬ ವಿಚಿತ್ರ ಮನುಷ್ಯನೂ ಕಾಣುತ್ತಾನೆ. ಆ ಸೌಕರ್ಯವು ಲೇಖನಿಗೆ ಉಂಟು. ಇಪ್ಪತ್ತೈದು ನಿಮಿಷಗಳ ಸುರುಳಿಗೆ ಇಲ್ಲ.

ಹೈದರಾಬಾದಿನ ಚಿತ್ರದ ದೋಷವು ಇದಕ್ಕೆ ವಿರುದ್ಧವಾದುದು. ಅಲ್ಲಿ ವ್ಯಾಖ್ಯಾನದ ಕಂಠವು ಚರಿತ್ರೆಯನ್ನು ಹೇಳುತ್ತ ಹೇಳುತ್ತ ಕೆಲವೆಡೆ ಪಾಠಶಾಲೆಯ ಧಾಟಿಗೆ ಇಳಿಯುತ್ತದೆ. ಫಿಲಂಸ್ ಡಿವಿಷನ್ನಿನ ಕಾಣದ ಕಂಠವನ್ನು ಬಿಟ್ಟು ಹೊರಟವರು ಮರಳಿ ಅದನ್ನೇ ಆಶ್ರಯಿಸಿದರೆ ಎಂದು ಕೇಳಬಹುದು. ಆದರೆ ಈ ದೋಷಕ್ಕೂ ಕಾರಣವಿದೆ. ನಿಪ್ಪಾಣಿಯಲ್ಲಿ ಅವಲಂಬಿಸಲು ಒಂದು ಸಂಘವಿತ್ತು. ಉರಿಯುವ ನಗರದಲ್ಲಿ ಪ್ರತಿಯೊಬ್ಬನೂ ತನ್ನ ಗಾಯವನ್ನು ಮಾತ್ರ ಕಾಣುವನು. ಎರಡು ಗಾಯಗಳನ್ನೂ ಒಟ್ಟಿಗೆ ನೋಡುವ ಕಣ್ಣನ್ನು ಚಿತ್ರವು ತಾನೇ ಒದಗಿಸಬೇಕಾಯಿತು. ವ್ಯಾಖ್ಯಾನವು ಭಾರವಾಯಿತೆಂಬುದನ್ನು ಒಪ್ಪುತ್ತೇವೆ. ಅದು ಬೇಡವಾಗಿತ್ತೆಂಬುದನ್ನು ಒಪ್ಪಲಾರೆವು.

ಮುಂದಣ ಚಿತ್ರಗಳಲ್ಲಿ ಈ ಎರಡು ಕೊರತೆಗಳನ್ನೂ ಅವರು ಬಹುಮಟ್ಟಿಗೆ ನೀಗಿಕೊಂಡರು. ಕುಟುಂಬ ಯೋಜನೆಯ ಹೆಸರಿನಲ್ಲಿ ಹೆಂಗಸರ ದೇಹದ ಮೇಲೆ ನಡೆದುದನ್ನು ಕುರಿತ 'ಸಂಥಿಂಗ್ ಲೈಕ್ ಎ ವಾರ್' (೧೯೯೧), ತಮಿಳುನಾಡಿನ ಮುಸಲ್ಮಾನ ಹೆಂಗಸರು ತಮ್ಮದೇ ಜಮಾತನ್ನು ಕಟ್ಟಿ ನ್ಯಾಯ ತೀರಿಸುವುದನ್ನು ತೋರಿಸುವ 'ಇನ್ವೋಕಿಂಗ್ ಜಸ್ಟಿಸ್' (೨೦೧೧), ಹೈದರಾಬಾದ್ ವಿಶ್ವವಿದ್ಯಾನಿಲಯದ ರೋಹಿತ್ ವೇಮುಲರು ೨೦೧೬ರಲ್ಲಿ ಪ್ರಾಣ ಕಳೆದುಕೊಂಡ ಮೇಲೆ ಎದ್ದ ವಿದ್ಯಾರ್ಥಿಗಳ ಚಳವಳಿಯನ್ನು ಕುರಿತ 'ವಿ ಹ್ಯಾವ್ ನಾಟ್ ಕಮ್ ಹಿಯರ್ ಟು ಡೈ' (೨೦೧೮) ಇವು ಬೇರೆ ಲೇಖನಕ್ಕೆ ತಕ್ಕ ವಿಷಯಗಳು.

ಬೆಂಗಳೂರಿನಲ್ಲಿ ಈ ದಾರಿಯನ್ನು ಬೇರೆ ಬೇರೆಯಾಗಿ ಮುಂದುವರಿಸಿದವರೂ ಉಂಟು. ಮೆಟ್ರೋ ರೈಲಿನ ಕೆಲಸದಲ್ಲಿ ನಗರವು ಮಾರ್ಪಡುತ್ತಿದ್ದ ವರ್ಷಗಳನ್ನು ಗೌತಮ್ ಸೊಂಟಿ, ಉಷಾ ರಾವ್ ಇವರು 'ಅವರ್ ಮೆಟ್ರೊಪೊಲಿಸ್' (೨೦೧೪) ಎಂಬ ಚಿತ್ರದಲ್ಲಿ ದಾಖಲಿಸಿರುವರು. ಅದೇ ಕೆಲಸಕ್ಕೆಂದು ದೂರದ ರಾಜ್ಯಗಳಿಂದ ಬಂದು ತಗಡಿನ ಮರೆಯ ಹಿಂದೆ ಬಾಳಿದ ಕೂಲಿಗಾರರನ್ನು ಕುರಿತು ಏಕ್ತಾ ಮಿತ್ತಲ್, ಯಶಸ್ವಿನಿ ರಘುನಂದನ್ ಇವರು ಚಿತ್ರಗಳನ್ನು ಮಾಡಿದರು. ಅವುಗಳಲ್ಲೊಂದಾದ 'ಪ್ರೆಸೆನ್ಸ್' (೨೦೧೨) ಎಂಬುದರಲ್ಲಿ ಆ ಕೂಲಿಗಾರರು ಹೇಳುವ ದೆವ್ವದ ಕಥೆಗಳೇ ವಸ್ತು. ಮೆರವಣಿಗೆಯಲ್ಲಿ ಹೇಳಲಾಗದ ಒಂಟಿತನವನ್ನು ದೆವ್ವದ ಕಥೆಯಲ್ಲಿ ಹೇಳಬಹುದು. 'ಇದಿ ಕಥಾ ಮಾತ್ರಮೇನಾ' ಎಂಬ ಪ್ರಶ್ನೆಯೇ ಇಲ್ಲಿ ಬೇರೆ ಉಡುಪಿನಲ್ಲಿ ಮರಳಿ ಬಂದಂತಿದೆ.

ಯುಗಾಂತರದ ಚಿತ್ರಗಳನ್ನೂ ಹೈದರಾಬಾದಿನ ಚಿತ್ರವನ್ನೂ ಬರ್ಲಿನ್ನಿನ ಆರ್ಸೆನಾಲ್ ಎಂಬ ಸಂಸ್ಥೆಯವರು ಜೀರ್ಣೋದ್ಧಾರ ಮಾಡಿ ಉಳಿಸಿಕೊಟ್ಟಿರುವರು. ನಿಪ್ಪಾಣಿಯ ಧೂಳನ್ನು ಜರ್ಮನಿಯವರು ಒರೆಸಿ ಕಾಪಾಡಬೇಕಾಯಿತೆಂಬುದು ನಮಗೆ ಹೆಮ್ಮೆಯ ಮಾತಲ್ಲ. ನಮ್ಮ ಜಿಲ್ಲೆಯ ಸಂಘಗಳು ಕವಿಗೋಷ್ಠಿಗಳಿಗೆ ಸಭಾಂಗಣಗಳನ್ನು ಹಿಡಿಯುವಂತೆ ಒಂದು ಸಂಜೆ ಈ ಚಿತ್ರಗಳಿಗಾಗಿಯೂ ಹಿಡಿಯಬಹುದು. ಹಾಸನದಲ್ಲಿ ತೋರಿಸುವುದಕ್ಕಿಂತ ಮೊದಲು ರಾಮನಾಥಪುರದಲ್ಲಿ ತೋರಿಸಿದರೆ ಇನ್ನೂ ಉತ್ತಮ. ನೋಡುವವರಲ್ಲಿ ಹೊಗೆಸೊಪ್ಪು ಬೆಳೆದವರೂ ಇರುವರು, ಅದನ್ನು ಕೊಯ್ದು ಪೋಣಿಸಿದ ಕೂಲಿಯ ಹೆಂಗಸರೂ ಇರುವರು. ಚಿತ್ರ ಮುಗಿದು ದೀಪ ಹತ್ತಿದಾಗ ಅವರು ಏನು ಹೇಳುವರೋ ಅದೇ ಈ ಚಿತ್ರಗಳ ನಿಜವಾದ ವಿಮರ್ಶೆಯಾಗುವುದು. ಅದನ್ನು ಬರೆದುಕೊಳ್ಳಲು ನಮ್ಮ ಸಂಘದವರು ಕಾಗದ ಲೇಖನಿಗಳೊಡನೆ ಅಲ್ಲಿರಬೇಕು.